ಗ್ರೀಕ್ ಪ್ರಹಸನವೂ ಕನ್ನಡದ ಪ್ರಾಚೀನತೆಯೂ

ಕನ್ನಡ ನುಡಿಯ ಪ್ರಾಚೀನತೆಯ ಮಾತು ಬಂದಾಗಲೆಲ್ಲ, ಕ್ರಿ. ಶ. ಎರಡನೆಯ ಶತಮಾನದ ಗ್ರೀಕ್ ಪ್ರಹಸನವೊಂದರಲ್ಲಿ ಕನ್ನಡ ವಾಕ್ಯಗಳಿವೆಯೆಂಬ ಪ್ರಸ್ತಾಪವು ನಮ್ಮ ಸಭೆಗಳಲ್ಲಿಯೂ ಲೇಖನಗಳಲ್ಲಿಯೂ ತಪ್ಪದೆ ಕೇಳಿಬರುತ್ತದೆ. ಕೇಳಿದವರು ಹೆಮ್ಮೆಪಟ್ಟು ಮನೆಗೆ ತೆರಳುತ್ತಾರೆ. ಆ ಪ್ರಹಸನದ ಕಥೆಯೇನು, ಅದನ್ನು ಆಡಿದವರು ಯಾರು, ನೋಡಿದವರು ಯಾರು ಎಂದು ವಿಚಾರಿಸುವವರು ಮಾತ್ರ ವಿರಳ. ಹಳೆಯ ಕಾಲದಿಂದ ಉಳಿದುಬಂದ ಆಧಾರವೊಂದನ್ನು ನಾವು ಏನು ಕೇಳಬಹುದು, ಏನು ಕೇಳಬಾರದು ಎಂಬ ವಿವೇಚನೆಗೆ ಇದಕ್ಕಿಂತ ಒಳ್ಳೆಯ ನಿದರ್ಶನವು ಕನ್ನಡಿಗರಿಗೆ ದೊರೆಯುವುದು ಕಷ್ಟ.

ಈಜಿಪ್ಟು ದೇಶವು ಆಗ ರೋಮನ್ ಚಕ್ರಾಧಿಪತ್ಯದ ಒಂದು ಪ್ರಾಂತವಾಗಿತ್ತು. ಅಲ್ಲಿಯ ಪಟ್ಟಣಗಳಲ್ಲಿ ಗ್ರೀಕ್ ಭಾಷೆ ಪ್ರಚಾರದಲ್ಲಿತ್ತು. ಅಂತಹ ಪಟ್ಟಣಗಳಲ್ಲೊಂದು ಆಕ್ಸಿರಿಂಕಸ್. ಮಳೆ ಬೀಳದ ಸೀಮೆಯಾದುದರಿಂದ ಆ ಊರಿನ ತಿಪ್ಪೆಗಳಲ್ಲಿ ಎಸೆದ ಜೊಂಡಿನ ಹಾಳೆಗಳು ಕೊಳೆಯದೆ ಉಳಿದುವು. ಆಕ್ಸ್‌ಫರ್ಡಿನ ವಿದ್ವಾಂಸರಾದ ಗ್ರೆನ್‌ಫೆಲ್ ಮತ್ತು ಹಂಟ್ ಅವರು ಅವನ್ನು ಅಗೆದು ತೆಗೆದು, ಸಂಪುಟ ಸಂಪುಟವಾಗಿ ಅಚ್ಚುಮಾಡಿಸಿದರು. 1903ರಲ್ಲಿ ಹೊರಬಂದ ಮೂರನೆಯ ಸಂಪುಟದ 413ನೆಯ ಪತ್ರವೇ ನಮ್ಮ ಪ್ರಹಸನ.

ಕಥೆ ಸರಳವಾದುದು. ಚಾರಿತಿಯೋನ್ ಎಂಬ ಗ್ರೀಕ್ ತರುಣಿಯು ಹಿಂದೂ ಸಮುದ್ರದ ತೀರದ ಒಂದು ನಾಡಿನಲ್ಲಿ ಸೆರೆಸಿಕ್ಕಿ ದೇವಾಲಯದಲ್ಲಿದ್ದಾಳೆ. ಅವಳನ್ನು ಬಿಡಿಸಲು ಅಣ್ಣನೂ ಸಂಗಡಿಗರೂ ಹಡಗಿನಲ್ಲಿ ಬರುತ್ತಾರೆ, ಜೊತೆಗೊಬ್ಬ ವಿದೂಷಕನಿದ್ದಾನೆ. ಆ ನಾಡಿನ ರಾಜನಿಗೂ ಪರಿವಾರಕ್ಕೂ ನೀರು ಬೆರೆಸದ ದ್ರಾಕ್ಷಾಮದ್ಯವನ್ನು ಕುಡಿಸಿ, ಅವರು ಮೈಮರೆತಾಗ ರಾಜನನ್ನು ಕಟ್ಟಿ ಎಲ್ಲರೂ ಪಾರಾಗುತ್ತಾರೆ. ಯೂರಿಪಿಡೀಸ್ ಮಹಾಕವಿಯ ಇಫಿಜೀನಿಯಾ ನಾಟಕದ ಕಥೆಯನ್ನೇ ಇಲ್ಲಿ ಅಣಕಕ್ಕೆ ತಿರುಗಿಸಿದೆ. ಹಾಸ್ಯವು ಒರಟು, ಕೆಲವೆಡೆ ಸಭ್ಯರ ಮುಂದೆ ಹೇಳಲಾಗದಷ್ಟು ಒರಟು. ವಾದ್ಯ ಬಾರಿಸಬೇಕಾದ ಸ್ಥಳಗಳಿಗೆ ಗುರುತುಗಳಿರುವುದರಿಂದ ಇದು ರಂಗದ ಬಳಕೆಗೆಂದೇ ಬರೆದ ಪ್ರತಿಯೆಂದು ತಿಳಿಯುತ್ತದೆ. ರಾಜನೂ ಅವನ ಜನರೂ ಆಡುವ ಮಾತು ಗ್ರೀಕಲ್ಲ. ಗ್ರೀಕ್ ಅಕ್ಷರಗಳಲ್ಲಿ ಬರೆದ ಯಾವುದೋ ಪರಭಾಷೆ.

ಮದರಾಸು ಸರ್ಕಾರದ ಶಾಸನ ಪಂಡಿತರಾಗಿದ್ದ ಹುಲ್ಟ್ಸ್ ಅವರು 1904ರಲ್ಲಿ ಈ ಪರಭಾಷೆಯನ್ನು ಕನ್ನಡವೆಂದು ಸೂಚಿಸಿದರು. ಕೌಟಿಲ್ಯನ ಅರ್ಥಶಾಸ್ತ್ರವನ್ನು ಬೆಳಕಿಗೆ ತಂದ ಆರ್. ಶಾಮಶಾಸ್ತ್ರಿಗಳು ಆ ಸೂಚನೆಯನ್ನು ಬೆಳೆಸಿ, ಪಾತ್ರೆಗೆ ಮದ್ಯವನ್ನು ಹಾಕುವ ಮಾತುಗಳನ್ನು ಅದರಲ್ಲಿ ಓದಿದರು. ಇವರ ಪಾಂಡಿತ್ಯವು ನಮ್ಮೆಲ್ಲರ ಗೌರವಕ್ಕೆ ಪಾತ್ರವಾದುದು. ಆದರೂ ಗೌರವವು ಪರೀಕ್ಷೆಗೆ ಅಡ್ಡಿಯಾಗಕೂಡದು. 1926ರಲ್ಲಿ ಬಾರ್ನೆಟ್ ಎಂಬ ವಿದ್ವಾಂಸರು ಈ ವಾದವನ್ನು ಒಪ್ಪದೆ ಪ್ರತಿಲೇಖನವನ್ನು ಬರೆದರು. ವಾಚಕರು ತಾವೇ ತೂಗಿ ನೋಡಬಹುದಾದ ಎರಡು ಕಾರಣಗಳನ್ನು ಇಲ್ಲಿ ಹೇಳುತ್ತೇನೆ.

ಮೊದಲನೆಯದು ಅಕ್ಷರಗಳ ಮಾತು. ಗ್ರೀಕ್ ಲಿಪಿಯಲ್ಲಿ ನಮ್ಮ ಚಕಾರವಿಲ್ಲ, ಟವರ್ಗವಿಲ್ಲ, ಳಕಾರವಿಲ್ಲ. ಇಂತಹ ಲಿಪಿಯಲ್ಲಿ ಬರೆದುದನ್ನು ಬೇಕಾದೆಡೆ ಕತ್ತರಿಸಿ, ಬೇಕಾದ ಅಕ್ಷರವನ್ನು ತುಂಬಿ ಓದಲು ಹೊರಟರೆ ಎಲ್ಲಿಯಾದರೂ ಒಂದು ಕನ್ನಡ ಪದ ಕಾಣದೆ ಇರಲಾರದು. ಎರಡನೆಯದು ನುಡಿಯ ಚರಿತ್ರೆ. ಅಲ್ಲಿ ಓದಿದ ರೂಪಗಳಲ್ಲಿ ‘ಹಾಕಿ’ ಎಂಬುದೊಂದು. ಕನ್ನಡದಲ್ಲಿ ಪದಾದಿಯ ಪಕಾರವು ಹಕಾರವಾದುದು ಸುಮಾರು ಹತ್ತನೆಯ ಶತಮಾನದಿಂದ ಈಚೆಗೆ, ಕ್ರಿ. ಶ. 450ರ ಸುಮಾರಿನದೆಂದು ಎಣಿಸಿರುವ ಹಲ್ಮಿಡಿ ಶಾಸನದ ಕನ್ನಡವೇ ಇಂದಿನ ಓದುಗನಿಗೆ ವ್ಯಾಖ್ಯಾನವಿಲ್ಲದೆ ತಿಳಿಯದು. ಅದಕ್ಕಿಂತ ಮೂರು ಶತಮಾನ ಹಿಂದಿನ ರಾಜನು ನಮ್ಮ ಪೇಟೆಬೀದಿಯ ಕನ್ನಡವನ್ನು ಆಡಿದನೆಂದರೆ ನಂಬುವುದು ಹೇಗೆ? 1980ರ ದಶಕದಲ್ಲಿ ಅದೇ ಸಾಲುಗಳನ್ನು ತುಳುವೆಂದು ಓದಿದವರೂ ಉಂಟು. ಒಂದೇ ಅಕ್ಷರಪಂಕ್ತಿಯನ್ನು ಒಬ್ಬರು ಕನ್ನಡವೆಂದೂ ಮತ್ತೊಬ್ಬರು ತುಳುವೆಂದೂ ಓದಬಲ್ಲರಾದರೆ, ಆ ಪಂಕ್ತಿಯು ಎರಡರಲ್ಲಿ ಒಂದಕ್ಕೂ ಗಟ್ಟಿಯಾದ ಸಾಕ್ಷಿಯಲ್ಲ.

ನಾವಿಕರ ಬಾಯಿಂದ ನಮ್ಮ ಕರಾವಳಿಯ ಒಂದೆರಡು ಮಾತು ಈಜಿಪ್ಟನ್ನು ಮುಟ್ಟಿರಬಾರದೆಂದೇನೂ ಇಲ್ಲ. ಆದರೆ ಪ್ರಹಸನಕ್ಕೆ ನಿಜವಾದ ಭಾಷೆ ಬೇಕಾಗಿರಲಿಲ್ಲ. ನಮ್ಮ ಸೀಮೆಯ ಮೂಡಲಪಾಯದ ಆಟವನ್ನು ನೋಡಿ ಬೆಳೆದವರಿಗೆ ಇದನ್ನು ಬಿಡಿಸಿ ಹೇಳಬೇಕಾದುದಿಲ್ಲ. ಹಾಸ್ಯಗಾರನು ಪರದೇಶದವನಂತೆ ನಾಲಗೆ ತಿರುಚಿದರೆ ಸಾಕು, ಜನ ನಗುತ್ತಾರೆ. ಆ ಮಾತಿಗೆ ಅರ್ಥವುಂಟೇ ಎಂದು ಯಾರೂ ಕೇಳುವುದಿಲ್ಲ.

ಹಾಗಾದರೆ ಈ ಪತ್ರವು ನಿರುಪಯೋಗವೆ? ಎಂದಿಗೂ ಅಲ್ಲ. ನಮ್ಮನ್ನು ಕುರಿತು ಕೇಳಿದರೆ ತೊದಲುವ ಈ ಸಾಕ್ಷಿಯು ತನ್ನವರನ್ನು ಕುರಿತು ಕೇಳಿದರೆ ನಿರರ್ಗಳವಾಗಿ ನುಡಿಯುತ್ತದೆ. ನೈಲ್ ನದಿಯ ಸೀಮೆಯ ಒಂದು ಪಟ್ಟಣದ ಜನಕ್ಕೆ ಭಾರತದ ಕರಾವಳಿಯು ಪ್ರಹಸನದ ರಂಗಭೂಮಿಯಾಗುವಷ್ಟು ಪರಿಚಿತವಾಗಿತ್ತೆಂಬುದು ಅದರಿಂದ ತಿಳಿಯುತ್ತದೆ. ಮದ್ಯಕ್ಕೆ ನೀರು ಬೆರೆಸಿ ಕುಡಿಯುವವನು ನಾಗರಿಕ, ಬೆರೆಸದೆ ಕುಡಿಯುವವನು ಅನಾಗರಿಕ ಎಂಬ ಅವರ ಅಳತೆಗೋಲು ತಿಳಿಯುತ್ತದೆ. ದೂರದ ರಾಜನನ್ನು ಕುಡುಕನನ್ನಾಗಿ ಮಾಡಿ ನಗುವ ಗರ್ವವೂ ತಿಳಿಯುತ್ತದೆ. ಆದರೆ ಇದೇ ಪ್ರಹಸನದಲ್ಲಿ, ದೇವಿಯ ಕಾಣಿಕೆಗಳಲ್ಲೊಂದನ್ನು ಕದ್ದೊಯ್ಯೋಣವೆಂದು ವಿದೂಷಕನು ಹೇಳಿದಾಗ, ದೇವರ ರಕ್ಷಣೆಯನ್ನು ಬೇಡುವವರು ದೇವರ ಸೊತ್ತಿಗೆ ಕೈಯಿಕ್ಕಬಾರದೆಂದು ಚಾರಿತಿಯೋನ್ ತಡೆಯುತ್ತಾಳೆ. ಒರಟು ಹಾಸ್ಯದ ನಡುವೆ ಈ ಒಂದು ಮಾತು ಬೆಳಗುತ್ತದೆ. ಕನ್ನಡ ಪದಗಳ ಬೇಟೆಯಲ್ಲಿ ನಾವು ಕಾಣದೆ ಬಿಟ್ಟುದು ಇದನ್ನೇ.

ರೋಮಿನ ಇತರ ಸಾಕ್ಷಿಗಳಿಗೂ ಇದೇ ನ್ಯಾಯವು ಸಲ್ಲುತ್ತದೆ. ಭಾರತವು ವರ್ಷಕ್ಕೆ ಐದು ಕೋಟಿ ಸೆಸ್ಟರ್ಸ್ ಹಣವನ್ನು ರೋಮಿನಿಂದ ಸೆಳೆಯುತ್ತದೆಂದು ಮೊದಲನೆಯ ಶತಮಾನದ ಪ್ಲೀನಿಯು ಬರೆದನು. ಆದರೆ ಪ್ಲೀನಿಯು ಲೆಕ್ಕ ಬರೆಯುವ ಗುಮಾಸ್ತನಲ್ಲ. ತನ್ನ ಜನರ ವಿಲಾಸವನ್ನು ಹಳಿಯುವ ನೀತಿಬೋಧಕ. ಅವನೊಬ್ಬನ ಮಾತನ್ನೇ ನೆಚ್ಚದೆ ಬೇರೊಂದು ಸಾಕ್ಷಿಯ ಪಕ್ಕದಲ್ಲಿಟ್ಟು ನೋಡಬೇಕು. 1985ರಲ್ಲಿ ಪ್ರಕಟವಾದ, ವಿಯೆನ್ನಾ ನಗರದಲ್ಲಿರುವ ಎರಡನೆಯ ಶತಮಾನದ ಇನ್ನೊಂದು ಜೊಂಡಿನ ಪತ್ರದಲ್ಲಿ, ಹರ್ಮಪೊಲ್ಲೋನ್ ಎಂಬ ಹಡಗು ಮಲಯಾಳ ತೀರದ ಮುಜಿರಿಸ್ ಬಂದರಿನ ವ್ಯಾಪಾರದಿಂದ ತಂದ ದಂತ, ಬಟ್ಟೆ, ಜಟಾಮಾಂಸಿಗಳ ಲೆಕ್ಕವಿದೆ. ಒಂದೇ ಹಡಗಿನ ಸರಕಿನ ಬೆಲೆ ಸುಮಾರು ಎಪ್ಪತ್ತು ಲಕ್ಷ ಸೆಸ್ಟರ್ಸ್! ಇದನ್ನು ಕಂಡಮೇಲೆ ಪ್ಲೀನಿಯ ಗೊಣಗಾಟವನ್ನು ಬರಿಯ ಅತಿಶಯೋಕ್ತಿಯೆಂದು ತಳ್ಳಿಹಾಕಲು ಧೈರ್ಯ ಸಾಲದು.

ಮೂರನೆಯ ಬಗೆಯ ಸಾಕ್ಷಿಯು ನಮಗೆ ದೂರದ್ದಲ್ಲ. ಶಿರಾದಿಂದ ಹಿರಿಯೂರಿನ ಮಾರ್ಗವಾಗಿ ಹೋದರೆ ಚಿತ್ರದುರ್ಗದ ಬೆಟ್ಟದ ಮಗ್ಗುಲಲ್ಲಿ ಚಂದ್ರವಳ್ಳಿಯುಂಟು. 1929ರ ಸುಮಾರಿನಲ್ಲಿ ಮೈಸೂರಿನ ಡಾ. ಎಂ. ಎಚ್. ಕೃಷ್ಣ ಅವರೂ, 1947ರಲ್ಲಿ ವೀಲರ್ ಅವರೂ ಅಗೆದ ಆ ಕಣಿವೆಯಲ್ಲಿ ಆಗಸ್ಟಸ್, ತೈಬೀರಿಯಸ್ ಚಕ್ರವರ್ತಿಗಳ ಬೆಳ್ಳಿಯ ನಾಣ್ಯಗಳು ಶಾತವಾಹನರ ಕಾಲದ ವಸ್ತುಗಳ ನೆರೆಯಲ್ಲಿ ದೊರೆತಿವೆ. 1891ರಲ್ಲಿ ಬೆಂಗಳೂರಿನ ಯಶವಂತಪುರದಲ್ಲಿ ಇಂತಹ 163 ನಾಣ್ಯಗಳು ಸಿಕ್ಕಿದ್ದುವು. ಕರಾವಳಿಯ ಹಡಗಿನಿಂದಿಳಿದ ಬೆಳ್ಳಿಯು ಘಟ್ಟವನ್ನೇರಿ ನಮ್ಮ ಬಯಲುಸೀಮೆಯನ್ನು ಮುಟ್ಟಿತೆಂಬುದಕ್ಕೆ ಬೇರೆ ಪ್ರಮಾಣವೇಕೆ?

ನಾಣ್ಯದ ವಿಷಯದಲ್ಲಿಯೂ ಎಚ್ಚರ ಬೇಕು. ರೋಮಿನ ನಾಣ್ಯ ಸಿಕ್ಕಿತೆಂದ ಮಾತ್ರಕ್ಕೆ ರೋಮಿನವನು ಅಲ್ಲಿ ನಡೆದಾಡಿದನೆಂದು ಸಿದ್ಧವಾಗುವುದಿಲ್ಲ. ಬೆಳ್ಳಿಯು ಕೈಯಿಂದ ಕೈಗೆ ನಡೆಯಬಲ್ಲುದು. ಚಂದ್ರವಳ್ಳಿಯಲ್ಲಿಯೂ ಬ್ರಹ್ಮಗಿರಿಯಲ್ಲಿಯೂ ದೊರೆತ, ಒಳಮೈಯಲ್ಲಿ ಸುತ್ತಲೂ ಸಣ್ಣ ಕಚ್ಚುಗಳ ಸಾಲಿರುವ ನುಣುಪಾದ ತಟ್ಟೆಗಳ ಜಾತಿಯನ್ನು ವೀಲರ್ ಅವರು ಮೆಡಿಟರೇನಿಯನ್ ಕಡೆಯಿಂದ ಬಂದುದೆಂದು ಎಣಿಸಿದ್ದರು. ಮುಂದೆ ಮಣ್ಣನ್ನೇ ಪರೀಕ್ಷಿಸಿದಾಗ ಅದು ಭಾರತದ ಮಣ್ಣೆಂದು ಗೊತ್ತಾಯಿತು. ನಮ್ಮ ಕುಂಬಾರನ ಕೈಕೆಲಸದ ಕೀರ್ತಿಯು ಬಹುಕಾಲ ಪರರಿಗೆ ಸಂದಿತು. ಪರರ ರಂಗದ ಅಣಕುಮಾತು ಅಷ್ಟೇ ಕಾಲ ನಮ್ಮ ಕೀರ್ತಿಯೆನಿಸಿತು. ಎರಡೆಡೆಯೂ ಆದುದು ಒಂದೇ: ಸಾಕ್ಷಿಯು ಬಾಯಿ ತೆರೆಯುವ ಮೊದಲೇ ಉತ್ತರವು ನಿಶ್ಚಯವಾಗಿತ್ತು.

ಕನ್ನಡಕ್ಕೆ ಹಲ್ಮಿಡಿಯ ಶಿಲೆಯುಂಟು. ಎರಡನೆಯ ಶತಮಾನದ ಟಾಲೆಮಿಯ ಭೂಗೋಳದಲ್ಲಿ ನಮ್ಮ ಬನವಾಸಿಯ ಹೆಸರುಂಟು. ಇಷ್ಟು ಗಟ್ಟಿಯಾದ ನೆಲವಿರುವಾಗ ಸಡಿಲವಾದ ಮಣ್ಣಿನ ಮೇಲೆ ಗೋಪುರವನ್ನೆತ್ತಿದರೆ, ಅದು ಕುಸಿದ ದಿನ ನೋಡಿದವರು ಗಟ್ಟಿಯಾದುದನ್ನೂ ಸಂಶಯಿಸುವರು. ಮನೆಯ ಮಕ್ಕಳಿಗೆ ಪ್ರಹಸನದ ಕಥೆಯನ್ನು ಹೇಳೋಣ. ಅದರ ಮಾತು ಕನ್ನಡವೆಂಬುದು ಒಂದು ಊಹೆಯೆಂದೂ ಜೊತೆಯಲ್ಲೇ ಹೇಳೋಣ. ಹೊಲ ಉಳುವಾಗ ಹಳೆಯ ನಾಣ್ಯವೊಂದು ಮೇಲೆದ್ದರೆ, ಅದು ಅಕ್ಕಸಾಲಿಯ ಕುಲುಮೆಯನ್ನು ಸೇರುವ ಮೊದಲು ಬಲ್ಲವರ ಕಣ್ಣಿಗೆ ಬೀಳುವಂತೆ ಮಾಡೋಣ. ನುಡಿಯ ಹಿರಿಮೆಗೆ ಓದುಬಲ್ಲ ಮನೆತನಗಳು ಸಲ್ಲಿಸಬಹುದಾದ ಸೇವೆಯು ಇದು.