ಬೇಲಿ ಮೇಯುವಾಗ ನೋಡುತ್ತ ನಿಂತವರು

ಬೇಲಿಯೇ ಎದ್ದು ಹೊಲ ಮೇಯ್ದರೆ ಕಾಯುವವರು ಯಾರು ಎಂದು ನಮ್ಮ ಹಿರಿಯರು ಕೇಳಿದರು. ಕಾಯಬೇಕಾದವರೇ ಕಳ್ಳರಾದಾಗ ಏನಾಗುತ್ತದೆ ಎಂಬುದನ್ನು ಕುರಿತು ಲೋಕದಲ್ಲಿ ಅನೇಕ ಕಥೆಗಳೂ ಚಲನಚಿತ್ರಗಳೂ ಬಂದಿವೆ. ಅವುಗಳಲ್ಲಿ 1973ರ 'ಸರ್ಪಿಕೊ' ಎಂಬ ಅಮೆರಿಕದ ಚಲನಚಿತ್ರಕ್ಕೆ ಪ್ರತ್ಯೇಕ ಸ್ಥಾನವಿದೆ. ನ್ಯೂಯಾರ್ಕ್ ನಗರದ ಪೊಲೀಸ್ ಇಲಾಖೆಯ ಲಂಚಗುಳಿತನವನ್ನು ಬಯಲಿಗೆ ತಂದ ಫ್ರ್ಯಾಂಕ್ ಸರ್ಪಿಕೊ ಎಂಬ ಪೊಲೀಸರ ನಿಜಜೀವನವನ್ನು ಪೀಟರ್ ಮಾಸ್ ಗ್ರಂಥರೂಪದಲ್ಲಿ ಬರೆದರು. ಅದನ್ನಾಧರಿಸಿ ಸಿಡ್ನಿ ಲುಮೆಟ್ ಈ ಚಿತ್ರವನ್ನು ನಿರ್ದೇಶಿಸಿದರು. ನಾಯಕನ ಪಾತ್ರ ಅಲ್ ಪಚಿನೊ ಅವರದು. ಚಿತ್ರ ನೋಡಿ ಎದ್ದವರು ಸಾಮಾನ್ಯವಾಗಿ ಆಡುವ ಮಾತು ಒಂದೇ: 'ಎಂಥ ಧೀರ!' ಆ ಮೆಚ್ಚುಗೆ ನ್ಯಾಯವಾದುದೇ. ಆದರೆ ಆ ಮೆಚ್ಚುಗೆಯೊಳಗೆ ನಮಗೊಂದು ಅಪಾಯವೂ ಅಡಗಿದೆ. ಅದನ್ನು ತೋರಿಸಿಕೊಡುವುದೇ ಈ ಬರಹದ ಉದ್ದೇಶ.

ಮೊದಲು ನಡೆದ ಸಂಗತಿಯನ್ನು ತಿಳಿಯೋಣ. ಸರ್ಪಿಕೊ ಇಟಲಿಯಿಂದ ವಲಸೆ ಬಂದ ಕುಟುಂಬದ ಮಗ. ಬ್ರೂಕ್ಲಿನ್‌ನಲ್ಲಿ ಹುಟ್ಟಿ ಬೆಳೆದು 1959ರಲ್ಲಿ ಪೊಲೀಸ್ ಪಡೆಯನ್ನು ಸೇರಿದರು. ಸಮವಸ್ತ್ರವಿಲ್ಲದೆ ಜೂಜುಕಟ್ಟೆಗಳ ಮೇಲೆ ಕಣ್ಣಿಡುವ ದಳಕ್ಕೆ ಹೋದಾಗ 300 ಡಾಲರುಗಳಿದ್ದ ಲಕೋಟೆಯೊಂದು ಅವರ ಕೈ ಸೇರಿತು. ಅವರು ಅದನ್ನು ಇಟ್ಟುಕೊಳ್ಳದೆ ಮೇಲಿನವರಿಗೆ ತಿಳಿಸಿದರು. ಮುಂದೆ ವರ್ಷಗಟ್ಟಲೆ ಒಬ್ಬ ಅಧಿಕಾರಿಯಿಂದ ಇನ್ನೊಬ್ಬ ಅಧಿಕಾರಿಯ ಬಳಿಗೆ, ಕೊನೆಗೆ ಮೇಯರರ ಕಚೇರಿಯವರೆಗೂ ಅವರ ದೂರು ಹೋಯಿತು. ಎಲ್ಲರೂ ಕೇಳಿಸಿಕೊಂಡರು, ಯಾರೂ ಕೈ ಹಾಕಲಿಲ್ಲ. 1970ರ ಏಪ್ರಿಲ್ 25ರಂದು 'ನ್ಯೂಯಾರ್ಕ್ ಟೈಮ್ಸ್' ಪತ್ರಿಕೆ ಮುಖಪುಟದಲ್ಲಿ ವರದಿ ಪ್ರಕಟಿಸಿದ ಮೇಲೆಯೇ ಮೇಯರ್ ಜಾನ್ ಲಿಂಡ್ಸೆ ಎಚ್ಚೆತ್ತು, ವಿಟ್ಮನ್ ನ್ಯಾಪ್ ಅವರ ಅಧ್ಯಕ್ಷತೆಯಲ್ಲಿ ವಿಚಾರಣಾ ಆಯೋಗವನ್ನು ನೇಮಿಸಿದರು. 1971ರ ಫೆಬ್ರವರಿ 3ರಂದು ಮಾದಕವಸ್ತು ಮಾರುವವನನ್ನು ಹಿಡಿಯಹೋದ ಸರ್ಪಿಕೊ ಅವರ ಮುಖಕ್ಕೆ ಗುಂಡು ತಗುಲಿತು. ಬದುಕಿ ಉಳಿದರಾದರೂ ಒಂದು ಕಿವಿಯ ಶ್ರವಣಶಕ್ತಿ ಹೋಯಿತು. ಅದೇ ವರ್ಷ ಡಿಸೆಂಬರಿನಲ್ಲಿ ಆಯೋಗದ ಮುಂದೆ ಬಹಿರಂಗ ಸಾಕ್ಷ್ಯ ನುಡಿದು, 1972ರ ಜೂನ್‌ನಲ್ಲಿ ಅವರು ಕೆಲಸ ಬಿಟ್ಟರು.

ಲುಮೆಟ್ ಅವರ ಹಿರಿಮೆ ಇರುವುದು ಕೇಡು ಎಷ್ಟು ಸಣ್ಣದಾಗಿ ಆರಂಭವಾಗುತ್ತದೆ ಎಂಬುದನ್ನು ತೋರಿಸುವುದರಲ್ಲಿ. ಹೊಸದಾಗಿ ಕೆಲಸಕ್ಕೆ ಸೇರಿದ ಯುವಕ ಸಹೋದ್ಯೋಗಿಯೊಡನೆ ಒಂದು ಹೋಟೆಲಿಗೆ ಊಟಕ್ಕೆ ಹೋಗುತ್ತಾನೆ. ತನಗೆ ಹಿಡಿಸುವ ಊಟವನ್ನು ಕೇಳುತ್ತಾನೆ. ಇಲ್ಲಿ ಕೊಟ್ಟದ್ದನ್ನು ತಿನ್ನಬೇಕು, ಏಕೆಂದರೆ ಊಟ ಬಿಟ್ಟಿ ಎಂದು ಜೊತೆಯವನು ಹೇಳುತ್ತಾನೆ. ಹೋಟೆಲಿನವನು ವಾಹನಗಳನ್ನು ರಸ್ತೆಗೆ ಅಡ್ಡವಾಗಿ ನಿಲ್ಲಿಸಿದರೂ ಪೊಲೀಸರು ನೋಡದಂತಿರಬೇಕು, ಅದಕ್ಕೆ ಈ ಊಟ. ದುಡ್ಡು ಕೊಟ್ಟು ಬೇಕಾದುದನ್ನು ತಿನ್ನಬಾರದೇ ಎಂದು ಯುವಕ ಮುಗ್ಧವಾಗಿ ಕೇಳುತ್ತಾನೆ. ನಗು ತರಿಸುವ ದೃಶ್ಯವಿದು. ಆದರೆ ಮುಂದಿನ ಎಲ್ಲ ಅನಾಹುತದ ಬೀಜ ಅಲ್ಲಿಯೇ ಇದೆ. ಬಿಟ್ಟಿ ಊಟ ಉಂಡವನು ತನ್ನ ಆಯ್ಕೆಯ ಹಕ್ಕನ್ನು ಮಾರಿಕೊಂಡಿರುತ್ತಾನೆ ಎಂಬುದನ್ನು ಯಾವ ಉಪದೇಶವೂ ಇಲ್ಲದೆ ಚಿತ್ರ ಹೇಳಿಬಿಡುತ್ತದೆ.

1972ರ ಕೊನೆಯಲ್ಲಿ ಪ್ರಕಟವಾದ ನ್ಯಾಪ್ ಆಯೋಗದ ವರದಿ ಇದೇ ಸತ್ಯವನ್ನು ಲೆಕ್ಕಪತ್ರಗಳ ಭಾಷೆಯಲ್ಲಿ ಮುಂದಿಟ್ಟಿತು. ಜೂಜಿನ ಅಡ್ಡೆಗಳಿಂದ ತಿಂಗಳು ತಿಂಗಳು ಮಾಮೂಲು ಸಂಗ್ರಹವಾಗುತ್ತಿತ್ತು. ಅದನ್ನು ದಳದವರೆಲ್ಲ ಹಂಚಿಕೊಳ್ಳುತ್ತಿದ್ದರು. ದಳಕ್ಕೆ ಹೊಸದಾಗಿ ಬಂದವನ ನಂಬಿಕಸ್ಥಿಕೆಯನ್ನು ಪರೀಕ್ಷಿಸಲು ಸುಮಾರು ಎರಡು ತಿಂಗಳು ಅವನಿಗೆ ಪಾಲಿಲ್ಲ. ಆದರೆ ಅವನು ಬೇರೆಡೆಗೆ ವರ್ಗವಾಗುವಾಗ ಆ ಎರಡು ತಿಂಗಳ ಬಾಕಿಯನ್ನು ತಪ್ಪದೆ ತೀರಿಸುತ್ತಿದ್ದರು! ಅಧರ್ಮದೊಳಗೂ ಎಂಥ ಶಿಸ್ತು ನೋಡಿ. ಲಂಚಕೋರರನ್ನು ಆಯೋಗ ಎರಡು ಬಗೆಯಾಗಿ ವಿಂಗಡಿಸಿತು. ತಾವಾಗಿಯೇ ಬೇಟೆಯಾಡಿ ದೊಡ್ಡ ಮೊತ್ತವನ್ನು ಕಸಿಯುವವರು 'ಮಾಂಸ ತಿನ್ನುವವರು'. ಎದುರಿಗೆ ಬಂದ ಸಣ್ಣಪುಟ್ಟದ್ದನ್ನು ಬೇಡವೆನ್ನದೆ ಪಡೆಯುವವರು 'ಹುಲ್ಲು ಮೇಯುವವರು'. ಮೊದಲನೆಯವರು ಕೆಲವರೇ. ಎರಡನೆಯವರ ಸಂಖ್ಯೆ ಬಹು ದೊಡ್ಡದು. ಲಂಚವನ್ನು ಮರ್ಯಾದಸ್ಥ ಸಂಗತಿಯನ್ನಾಗಿ ಮಾಡಿದವರು ಈ ಹುಲ್ಲು ಮೇಯುವವರೇ ಎಂದು ಆಯೋಗ ಕಂಡುಕೊಂಡಿತು. ಜೊತೆಗೆ, ಜೂಜು, ಭಾನುವಾರದ ವ್ಯಾಪಾರ, ಕಟ್ಟಡ ನಿರ್ಮಾಣ ಇವುಗಳ ಮೇಲಿನ ಪಾಲಿಸಲಾಗದ ಕಾನೂನುಗಳೂ, ಅವುಗಳಿಂದ ನುಣುಚಿಕೊಳ್ಳಲು ಹಣ ಕೊಡುವ ನಾಗರಿಕರೂ ಈ ವ್ಯವಸ್ಥೆಯನ್ನು ಸಾಕುತ್ತಿದ್ದರು. ಎಂದರೆ ಬೇಲಿಗೆ ಮೇವು ಹಾಕಿದವರಲ್ಲಿ ಹೊಲದ ಒಡೆಯರೂ ಇದ್ದರು.

ವರದಿಯ ಇನ್ನೊಂದು ಮಾತು ಇದಕ್ಕಿಂತಲೂ ಕಠಿಣವಾದುದು. ಬುಟ್ಟಿಯಲ್ಲಿ ಒಂದೆರಡು ಕೊಳೆತ ಹಣ್ಣುಗಳಿವೆ, ಉಳಿದುದೆಲ್ಲ ಸರಿಯಾಗಿದೆ ಎಂಬ ಇಲಾಖೆಯ ಹಳೆಯ ಸಮಜಾಯಿಷಿಯನ್ನು ಆಯೋಗ ತಳ್ಳಿಹಾಕಿತು. ಒಂದು ಕಾಸನ್ನೂ ಮುಟ್ಟದ ಪೊಲೀಸರು ಸಹ, ಕಣ್ಣೆದುರು ನಡೆಯುತ್ತಿದ್ದುದನ್ನು ತಡೆಯಲು ಏನನ್ನೂ ಮಾಡದಿದ್ದುದರಿಂದ, ಭ್ರಷ್ಟಾಚಾರದಲ್ಲಿ ಭಾಗಿಗಳೇ ಎಂದಿತು.

ಓದುಗರೇ, ಚಿತ್ರ ಎಡವುವುದು ಇಲ್ಲಿಯೇ. ಲುಮೆಟ್ ತಮ್ಮ ನಾಯಕನನ್ನು ಒಬ್ಬಂಟಿಯನ್ನಾಗಿ ಚಿತ್ರಿಸುತ್ತಾರೆ. ಗಡ್ಡ ಬಿಟ್ಟ, ನಾಯಿಯನ್ನು ಜೊತೆಗಿಟ್ಟುಕೊಂಡ, ಪ್ರೀತಿಸಿದವರೂ ತೊರೆದುಹೋದ ಏಕಾಂಗಿ ವೀರ ಆತ. ಆದರೆ ಚರಿತ್ರೆಯಲ್ಲಿ ಸರ್ಪಿಕೊ ಒಬ್ಬಂಟಿಯಾಗಿ ಗೆಲ್ಲಲಿಲ್ಲ. ಡೇವಿಡ್ ಡರ್ಕ್ ಎಂಬ ಸಹೋದ್ಯೋಗಿ ಬಾಗಿಲಿನಿಂದ ಬಾಗಿಲಿಗೆ ಅವರೊಡನೆ ಅಲೆದರು. ಪಾಲ್ ಡೆಲೀಸ್ ಎಂಬ ಹಿರಿಯ ಅಧಿಕಾರಿ ತಮ್ಮ ಹುದ್ದೆಯನ್ನು ಪಣಕ್ಕಿಟ್ಟು ಪತ್ರಿಕಾ ಕಚೇರಿಗೆ ಜೊತೆಯಾಗಿ ಹೋದರು. ಡೇವಿಡ್ ಬರ್ನ್‌ಹ್ಯಾಮ್ ಎಂಬ ವರದಿಗಾರ ಅವರ ಮಾತನ್ನು ನಂಬಿ ಬರೆದರು. ಚಿತ್ರದಲ್ಲಿ ಡರ್ಕ್ ಅವರ ಹೆಸರೇ ಬದಲಾಗಿದೆ. ಅವರ ಪಾತ್ರ ಕುಗ್ಗಿದೆ. ಒಬ್ಬ ಸಂತನ ಸುತ್ತ ಪ್ರಭಾವಳಿ ಕಟ್ಟಲು ಆ ಸಂತನ ಸಂಗಾತಿಗಳನ್ನು ನೆರಳಿಗೆ ಸರಿಸಲಾಗಿದೆ.

ಇದರಿಂದೇನು ನಷ್ಟ ಎಂದು ನೀವು ಕೇಳಬಹುದು. ನಷ್ಟ ನಮ್ಮದೇ. ಏಕಾಂಗಿ ವೀರನನ್ನು ನೋಡಿದಾಗ ನಾವು ಕೈಮುಗಿಯುತ್ತೇವೆ, ಅದು ನಮ್ಮಂಥವರಿಂದ ಆಗುವ ಕೆಲಸವಲ್ಲ ಎನ್ನುತ್ತೇವೆ, ಹಗುರಾಗಿ ಮನೆಗೆ ಹೋಗುತ್ತೇವೆ. ಆದರೆ ಪಕ್ಕದಲ್ಲಿ ನಿಂತವನ ಕಥೆಯನ್ನು ನೋಡಿದಾಗ ಹಾಗೆ ಹೇಳಿ ಜಾರಿಕೊಳ್ಳಲಾಗದು. ಒಬ್ಬನ ಪಕ್ಕದಲ್ಲಿ ನಿಲ್ಲುವುದಕ್ಕೆ ಮಹಾಪುರುಷನಾಗಬೇಕಿಲ್ಲ.

ಚಿತ್ರ ತನಗರಿವಿಲ್ಲದೆಯೇ ಈ ಸತ್ಯವನ್ನು ಒಂದು ದೃಶ್ಯದಲ್ಲಿ ಹಿಡಿದಿಟ್ಟಿದೆ. ನಾಯಕ ಬಾಗಿಲು ತಳ್ಳುತ್ತಾನೆ. ಒಳಗಿನವರು ಎಳೆದು ಮುಚ್ಚುವಾಗ ಬಾಗಿಲ ಸಂದಿನಲ್ಲಿ ಸಿಕ್ಕಿಬೀಳುತ್ತಾನೆ. ಬೆನ್ನ ಹಿಂದಿರುವ ಜೊತೆಗಾರರನ್ನು ಕೂಗುತ್ತಾನೆ. ಅವರು ಮುಂದೆ ಬರುವುದಿಲ್ಲ. ಗುಂಡು ಹಾರುತ್ತದೆ. ನಿಜಜೀವನದಲ್ಲಿ ಅವರು ಬೇಕೆಂದೇ ಹಿಂದೆ ಉಳಿದರೆಂದು ಎಂದೂ ಸಾಬೀತಾಗಿಲ್ಲ. ಆದ್ದರಿಂದ ಯಾರನ್ನೂ ದೂಷಿಸುವುದು ಬೇಡ. ಆದರೆ ಆ ಚಿತ್ರಿಕೆಯಲ್ಲಿ ಇಡೀ ಇಲಾಖೆಯ ಪಾಪ ಮೈದಾಳಿ ನಿಂತಿದೆ. ಗುಂಡು ಹಾರಿಸಿದವನು ಒಬ್ಬ. ಹಿಂದೆ ನಿಂತವರು ಹಲವರು.

ಬಹುಶಃ ಲುಮೆಟ್ ಅವರಿಗೂ ತಮ್ಮ ಚಿತ್ರ ಅಪೂರ್ಣವೆನಿಸಿರಬೇಕು. ಎಂಟು ವರ್ಷಗಳ ಬಳಿಕ, 1981ರಲ್ಲಿ, ಅವರು ಅದೇ ಇಲಾಖೆಯನ್ನು ಕುರಿತು 'ಪ್ರಿನ್ಸ್ ಆಫ್ ದ ಸಿಟಿ' ಎಂಬ ಚಿತ್ರ ಮಾಡಿದರು. ರಾಬರ್ಟ್ ಲೂಸಿ ಎಂಬ ಪತ್ತೇದಾರರ ಜೀವನ ಅದಕ್ಕೆ ಆಧಾರ. ಇಲ್ಲಿ ಸಂತನಿಲ್ಲ. ತಾನೂ ಹಣ ತಿಂದವನೇ ಕಡೆಗೆ ಸತ್ಯ ಹೇಳಲು ಹೊರಟು, ತನ್ನ ಆಪ್ತರ ವಿರುದ್ಧವೇ ಸಾಕ್ಷಿಯಾಗಬೇಕಾಗುತ್ತದೆ. ಈ ಚಿತ್ರಕ್ಕೆ ಹಿಂದಿನದರಷ್ಟು ಜನಪ್ರಿಯತೆ ದೊರೆಯಲಿಲ್ಲ. ಆದರೂ ಪಾಪನಿವೇದನೆಯ ಅರ್ಥವನ್ನು ಬಲ್ಲ ನಮಗೆ ಅದು ಹೆಚ್ಚು ಹತ್ತಿರವಾದುದು. ಪರಿಶುದ್ಧನು ಮಾತ್ರವೇ ಸತ್ಯ ನುಡಿಯಬೇಕೆಂದರೆ ಲೋಕದಲ್ಲಿ ಸತ್ಯ ನುಡಿಯುವವರೇ ಇರಲಾರರು.

ಬಲಿಪೂಜೆಯ ಆರಂಭದಲ್ಲಿ ನಾವು ಮಾಡಿದ ಪಾಪಗಳ ಜೊತೆಗೆ, ಮಾಡಬೇಕಾದುದನ್ನು ಮಾಡದೆ ಬಿಟ್ಟ ಪಾಪವನ್ನೂ ಅರಿಕೆ ಮಾಡಿಕೊಳ್ಳುತ್ತೇವೆ. ಜಗದ್ಗುರು ಎರಡನೇ ಜಾನ್ ಪಾಲ್ ಅವರು 1984ರಲ್ಲಿ ಸಂಧಾನ ಮತ್ತು ಪಶ್ಚಾತ್ತಾಪವನ್ನು ಕುರಿತು ಬರೆದ ಪ್ರೇಷಿತ ಪ್ರಬೋಧನೆಯಲ್ಲಿ ಇದನ್ನು ಸಮಾಜಕ್ಕೆ ಅನ್ವಯಿಸಿದರು. ಸಾಮಾಜಿಕ ಪಾಪವೆಂಬುದು ಆಕಾಶದಿಂದ ಇಳಿದು ಬರುವುದಿಲ್ಲ, ಅದು ಅನೇಕರ ವೈಯಕ್ತಿಕ ಪಾಪಗಳ ಮೊತ್ತ. ತಡೆಯಬಲ್ಲವರಾಗಿದ್ದೂ ಸೋಮಾರಿತನದಿಂದಲೋ ಭಯದಿಂದಲೋ ಮೌನದ ಒಳಸಂಚಿನಿಂದಲೋ ಸುಮ್ಮನಿದ್ದವರ ಪಾಪವೂ ಅದರಲ್ಲಿ ಸೇರಿದೆ ಎಂಬುದು ಅವರ ಬೋಧನೆಯ ಸಾರ. ನ್ಯಾಪ್ ಆಯೋಗ ತನಿಖೆಯಿಂದ ಕಂಡುಕೊಂಡುದನ್ನೇ ಧರ್ಮಸಭೆ ಆತ್ಮಶೋಧನೆಯಿಂದ ಕಂಡುಕೊಂಡಿತು.

ಈ ಮಾತನ್ನು ಪೊಲೀಸರಿಗೆ ಹೇಳಿ ಕೈತೊಳೆದುಕೊಳ್ಳುವ ಹಕ್ಕು ನಮಗಿಲ್ಲ. ಗುರುಗಳಿಗಂತೂ ಇಲ್ಲವೇ ಇಲ್ಲ. 2002ರಲ್ಲಿ ಬಾಸ್ಟನ್ ನಗರದಿಂದ ಹೊರಬಿದ್ದ ಸುದ್ದಿ ಲೋಕಕ್ಕೆಲ್ಲ ತಿಳಿದಿದೆ. ಮಕ್ಕಳ ಮೇಲೆ ಕೆಲವು ಗುರುಗಳು ಎಸಗಿದ ದೌರ್ಜನ್ಯ ಎಷ್ಟು ಘೋರವೋ, ಧರ್ಮಸಭೆಯ ಹೆಸರು ಕೆಡಬಾರದೆಂದು ಅದನ್ನು ಮುಚ್ಚಿಟ್ಟ ಮೌನವೂ ಅಷ್ಟೇ ಘೋರ. ಆ ಮೌನವನ್ನು ಮುರಿಯಲೆಂದೇ ಜಗದ್ಗುರು ಫ್ರಾನ್ಸಿಸ್ ಅವರು 2019ರಲ್ಲಿ, ಇಂಥ ಸಂಗತಿ ತಿಳಿದ ಗುರುಗಳೂ ಕನ್ಯಾಸ್ತ್ರೀಯರೂ ಅದನ್ನು ವರದಿ ಮಾಡಲೇಬೇಕೆಂದು, ವರದಿ ಮಾಡಿದವರಿಗೆ ಕಿರುಕುಳ ಕೊಡಬಾರದೆಂದು, ಬಾಯಿ ಮುಚ್ಚಿಕೊಂಡಿರಬೇಕೆಂಬ ಷರತ್ತನ್ನು ಅವರ ಮೇಲೆ ಹೇರಬಾರದೆಂದು ಆಜ್ಞಾಪಿಸಿದರು. ಸಂಸ್ಥೆಯ ಮಾನ ಉಳಿಯುವುದು ಸತ್ಯದಿಂದ ಎಂಬ ಪಾಠಕ್ಕೆ ಪೊಲೀಸ್ ಠಾಣೆ, ದೇವಾಲಯ ಎಂಬ ಭೇದವಿಲ್ಲ.

ಹಾಗೆಂದು ಪೊಲೀಸ್ ವೃತ್ತಿಯನ್ನು ಹೀಗಳೆಯುವುದು ಕ್ರೈಸ್ತರಿಗೆ ಒಪ್ಪುವುದಿಲ್ಲ. ಮಹಾದೂತ ಸಂತ ಮಿಕಾಯೇಲರನ್ನೇ ಪೊಲೀಸರ ಪಾಲಕರೆಂದು ನಾವು ಗೌರವಿಸುತ್ತೇವೆ. ಸ್ನಾನಿಕ ಯೊವಾನ್ನನ ಬಳಿಗೆ ಬಂದ ಸೈನಿಕರಿಗೆ ಅವನು ಕೆಲಸ ಬಿಡಲು ಹೇಳಲಿಲ್ಲ. ಜನರನ್ನು ಹೆದರಿಸಿ ಹಣ ಕೀಳಬೇಡಿ, ಸಂಬಳದಲ್ಲಿ ತೃಪ್ತರಾಗಿರಿ ಎಂಬರ್ಥದ ಬುದ್ಧಿ ಹೇಳಿದ. ನಮ್ಮ ಕುಟುಂಬಗಳ ಮಕ್ಕಳು ಖಾಕಿ ತೊಟ್ಟಾಗ ನಾವು ಪಡುವ ಹೆಮ್ಮೆಯೊಡನೆ ಈ ಬುದ್ಧಿಮಾತೂ ಇರಲಿ.

ಸುಧಾರಣೆ ಒಮ್ಮೆ ಆದರೆ ಶಾಶ್ವತವಾಗುವುದಿಲ್ಲ ಎಂಬುದಕ್ಕೂ ನ್ಯೂಯಾರ್ಕ್ ಸಾಕ್ಷಿ. ನ್ಯಾಪ್ ವರದಿಯ ಇಪ್ಪತ್ತು ವರ್ಷಗಳ ನಂತರ, 1992ರಲ್ಲಿ, ಅದೇ ಇಲಾಖೆಗಾಗಿ ಮೋಲನ್ ಆಯೋಗವನ್ನು ನೇಮಿಸಬೇಕಾಯಿತು. ಈ ಬಾರಿ ಮಾದಕವಸ್ತುಗಳ ವ್ಯಾಪಾರದಲ್ಲಿಯೇ ಕೆಲವು ಪೊಲೀಸರು ಪಾಲುದಾರರಾಗಿದ್ದರು. ಸಹೋದ್ಯೋಗಿಗಳ ಮೌನ ಮಾತ್ರ ಹಾಗೆಯೇ ಉಳಿದಿತ್ತು. ಇನ್ನು ಸರ್ಪಿಕೊ ಅವರಿಗೆ ಸಂದ ಗೌರವಪದಕವನ್ನು 1972ರಲ್ಲಿ ಯಾವ ಸಮಾರಂಭವೂ ಇಲ್ಲದೆ ಕೈಗಿತ್ತು ಕಳುಹಿಸಿದ್ದರು. ಅದರ ಪ್ರಮಾಣಪತ್ರ ಅವರ ಕೈ ಸೇರಿದ್ದು 2022ರಲ್ಲಿ, ಅವರ ಇಳಿವಯಸ್ಸಿನಲ್ಲಿ. ಐವತ್ತು ವರ್ಷ!

ಸಂತ ಯೊವಾನ್ನರ ಶುಭಸಂದೇಶದಲ್ಲಿ ನಿಕೊದೇಮನು ಒಮ್ಮೆ ಯೇಸುವಿನ ಪರವಾಗಿ ಒಂದು ನ್ಯಾಯವಾದ ಮಾತನ್ನಾಡುತ್ತಾನೆ. ಜೊತೆಯವರು ಅವನನ್ನು ಹಂಗಿಸುತ್ತಾರೆ. ಅವನ ಮಾತಿಗೆ ದನಿಗೂಡಿಸಿದವರ ಹೆಸರು ಅಲ್ಲಿಲ್ಲ. ಅರಿಮಥಾಯದ ಜೋಸೆಫನು ಆಗ ಭಯದಿಂದ ಗುಪ್ತ ಶಿಷ್ಯನಾಗಿಯೇ ಉಳಿದಿದ್ದ. ಅವರಿಬ್ಬರೂ ಜೊತೆಗೂಡಿ ಕಾಣಿಸಿಕೊಳ್ಳುವುದು ಶಿಲುಬೆಯಿಂದ ಪ್ರಭುವಿನ ಪಾರ್ಥಿವ ಶರೀರವನ್ನು ಇಳಿಸುವಾಗ. ಅದೂ ಧೈರ್ಯವೇ, ನಿಜ. ಆದರೆ ತಡವಾಗಿ ಬಂದ ಧೈರ್ಯ.

ಪ್ರಿಯ ಓದುಗರೇ, 'ಊರ ಉಸಾಬರಿ ನಮಗೇಕೆ' ಎಂಬುದು ನಮ್ಮ ಮನೆಗಳಲ್ಲಿ ಮಕ್ಕಳಿಗೆ ಹೇಳಿಕೊಡುವ ಮಾತು. ಮಕ್ಕಳ ಕ್ಷೇಮಕ್ಕಾಗಿಯೇ ನಾವು ಹಾಗೆ ಹೇಳುತ್ತೇವೆ. ಆದರೆ ನಿಮ್ಮ ಕಚೇರಿಯಲ್ಲೋ ಸಂಘದಲ್ಲೋ ಧರ್ಮಕೇಂದ್ರದ ಸಭೆಯಲ್ಲೋ ಒಬ್ಬರು ಎದ್ದುನಿಂತು ಲೆಕ್ಕ ಸರಿಯಿಲ್ಲ ಎಂದಾಗ, ಎಲ್ಲರೂ ನೆಲ ನೋಡುವ ಆ ಕ್ಷಣದಲ್ಲಿ, 'ಅವರು ಹೇಳುವುದು ನಿಜ, ನಾನೂ ನೋಡಿದ್ದೇನೆ' ಎಂಬ ಎರಡನೆಯ ದನಿ ನಿಮ್ಮದಾಗಿರಲಿ. ಮೊದಲು ಎದ್ದು ನಿಲ್ಲುವ ಕೃಪೆ ಎಲ್ಲರಿಗೂ ದೊರೆಯಲಿಕ್ಕಿಲ್ಲ. ಎರಡನೆಯವರಾಗಿ ಎದ್ದು ನಿಲ್ಲುವುದು ನಮ್ಮೆಲ್ಲರ ಅಳವಿನಲ್ಲಿದೆ.