ಸಮವಸ್ತ್ರ, ವೇಷ, ಓಟ: ಚಿಲಿಯ ವಿದ್ಯಾರ್ಥಿ ಚಳವಳಿಯ ಅಭಿವ್ಯಕ್ತಿ ಕುರಿತು

ವಿದ್ಯಾರ್ಥಿ ಚಳವಳಿಗಳ ಅಧ್ಯಯನವು ಬಹುಮಟ್ಟಿಗೆ ಬೇಡಿಕೆಗಳ ಪಟ್ಟಿ ಹಾಗೂ ಪ್ರಭುತ್ವದ ಪ್ರತಿಕ್ರಿಯೆಗಳ ಇತಿಹಾಸವಾಗಿಬಿಡುತ್ತದೆ. ಬೇಡಿಕೆಯು ಯಾವ ರೂಪ ತಾಳಿತು ಎಂಬ ಪ್ರಶ್ನೆ ಹಿಂದೆ ಉಳಿಯುತ್ತದೆ. ಚಿಲಿ ದೇಶದ 2006 ಮತ್ತು 2011ರ ಹೋರಾಟಗಳನ್ನು ಈ ಪ್ರಶ್ನೆಯ ಮೂಲಕವೇ ನೋಡಬೇಕಾಗಿದೆ.

ಪಿನೋಚೆಯ ಸೈನಿಕ ಆಡಳಿತವು 1980ರ ದಶಕದಲ್ಲಿ ಸರ್ಕಾರಿ ಶಾಲೆಗಳನ್ನು ಪುರಸಭೆಗಳಿಗೆ ವಹಿಸಿ, ಖಾಸಗಿ ಶಾಲೆಗಳಿಗೂ ಮಕ್ಕಳ ತಲೆಯೆಣಿಕೆಯ ಮೇಲೆ ಅನುದಾನ ನೀಡಿತು. ಅಧಿಕಾರ ಬಿಡುವ ಮುನ್ನಾದಿನ, 1990ರ ಮಾರ್ಚ್ 10ರಂದು, ಈ ವ್ಯವಸ್ಥೆಯನ್ನು ಕಾಯುವ ಶಿಕ್ಷಣ ಕಾಯ್ದೆಯನ್ನೂ ಪ್ರಕಟಿಸಿತು. 2006ರ ಪ್ರೌಢಶಾಲಾ ವಿದ್ಯಾರ್ಥಿಗಳು ಬಸ್ ಪಾಸ್, ಪ್ರವೇಶ ಪರೀಕ್ಷೆಯ ಶುಲ್ಕ ಎಂದು ಆರಂಭಿಸಿ ಕಾಯ್ದೆಯ ರದ್ದತಿಗೇ ಪಟ್ಟುಹಿಡಿದರು. ಕಡುನೀಲಿ ಕೋಟು, ಬಿಳಿ ಅಂಗಿಯ ಸಮವಸ್ತ್ರದಿಂದಾಗಿ ಅವರಿಗೆ 'ಪೆಂಗ್ವಿನ್‌'ಗಳೆಂಬ ಹೆಸರು. ಹೆಸರು ಮುದ್ದಾಗಿದೆ, ಆದರೆ ಒಂದೇ ಬಗೆಯ ಉಡುಪಿನ ಮಕ್ಕಳು ಒಂದೇ ಬಗೆಯ ಶಾಲೆಯಲ್ಲಿ ಕುಳಿತಿರಲಿಲ್ಲ ಎಂಬ ವ್ಯಂಗ್ಯವನ್ನು ಅದು ಮರೆಸುತ್ತದೆ. 2009ರಲ್ಲಿ ಕಾಯ್ದೆ ಬದಲಾಯಿತು, ಮಾರುಕಟ್ಟೆಯ ತರ್ಕ ಉಳಿಯಿತು.

2011ರಲ್ಲಿ ವಿಶ್ವವಿದ್ಯಾಲಯಗಳ ವಿದ್ಯಾರ್ಥಿಗಳು ಅಧ್ಯಕ್ಷರ ಅರಮನೆಯಾದ ಲಾ ಮೊನೇದಾದ ಎದುರು ಶವಗಳ ವೇಷ ತೊಟ್ಟು ಮೈಕಲ್ ಜಾಕ್ಸನ್‌ನ 'ಥ್ರಿಲ್ಲರ್' ನೃತ್ಯ ಮಾಡಿದರು. ಸಾಲ ಮಾಡಿ ಓದಿದವರು ಬದುಕಿದ್ದೂ ಸತ್ತವರು ಎಂಬುದು ಅದರ ಅರ್ಥ. ಜಗತ್ತು ನೆನಪಿಟ್ಟಿರುವುದು ಈ ನೃತ್ಯವನ್ನೇ. ನನ್ನ ದೃಷ್ಟಿಯಲ್ಲಿ ಅದಕ್ಕಿಂತ ಮಿಗಿಲಾದದ್ದು ಅರಮನೆಯ ಸುತ್ತ ಹಗಲಿರುಳು ಸರದಿಯ ಮೇಲೆ ನಡೆದ 1800 ಗಂಟೆಗಳ ಓಟ. ಉಚಿತ ಶಿಕ್ಷಣಕ್ಕೆ ವರ್ಷಕ್ಕೆ 180 ಕೋಟಿ ಡಾಲರ್ ಬೇಕೆಂಬ ಲೆಕ್ಕವೇ ಆ ಸಂಖ್ಯೆಯ ಮೂಲ. ಆಯವ್ಯಯ ಪತ್ರದ ಒಂದು ಅಂಕಿಯನ್ನು ಮೈಯ ದಣಿವಿಗೆ ತರ್ಜುಮೆ ಮಾಡಿದ ಈ ಕ್ರಿಯೆಯಲ್ಲಿ ಅಲಂಕಾರವಿಲ್ಲ, ವಾದವೇ ಇದೆ.

ಆದರೆ ಪ್ರಭುತ್ವವು ಆ ವಾದವನ್ನು ಅರ್ಧವಷ್ಟೇ ಓದಿಕೊಂಡಿತು. ಚಳವಳಿಯು ಕೇಳಿದ್ದು ಸಾರ್ವಜನಿಕ, ಉಚಿತ, ಗುಣಮಟ್ಟದ ಶಿಕ್ಷಣ. 2016ರಿಂದ ಜಾರಿಗೆ ಬಂದ ಶುಲ್ಕ ವಿನಾಯಿತಿಯು ಕುಟುಂಬದ ಆದಾಯವನ್ನು ಅಳೆಯಿತು. ಷರತ್ತಿಗೆ ಒಪ್ಪಿದ ಖಾಸಗಿ ವಿಶ್ವವಿದ್ಯಾಲಯಗಳಿಗೂ ಹರಿಯಿತು. ಮೂರು ವಿಶೇಷಣಗಳಲ್ಲಿ ನಡುವಿನದೊಂದೇ ದಕ್ಕಿತು, ಅದೂ ಹಕ್ಕಾಗಿ ಅಲ್ಲ, ನೆರವಾಗಿ. (ಕನ್ನಡದ 'ಉಚಿತ'ಕ್ಕೆ ತಕ್ಕುದು ಎಂಬ ಅರ್ಥವೂ ಇರುವುದನ್ನು ಇಲ್ಲಿ ನೆನೆಯಬಹುದು.) 2011ರ ನಾಯಕರಲ್ಲಿ ಒಬ್ಬರಾದ ಗೇಬ್ರಿಯಲ್ ಬೋರಿಕ್ 2022ರಲ್ಲಿ ಅದೇ ಅರಮನೆಯನ್ನು ಅಧ್ಯಕ್ಷರಾಗಿ ಪ್ರವೇಶಿಸಿದರು. ಅದರೆದುರು ಶವದ ವೇಷದಲ್ಲಿ ಕುಣಿದಿದ್ದ ತಲೆಮಾರಿನ ಹಳೆಯ ಸಾಲಗಳನ್ನು ಮಾತ್ರ 2016ರ ವಿನಾಯಿತಿ ಮುಟ್ಟಿರಲಿಲ್ಲ.