ಉಪ್ಪಿನ ಗೆರೆಯ ಎರಡು ಬದಿ: ಕರಾವಳಿಯ ಮರಳು ಪರವಾನಿಗೆಯ ವಿಮರ್ಶೆ

ಕೊಡಚಾದ್ರಿಯ ತಪ್ಪಲಿನಿಂದ ಇಳಿದು, ಕೊಲ್ಲೂರನ್ನು ದಾಟಿ, ಮರವಂತೆಯಲ್ಲಿ ಕಡಲಿನ ಮಗ್ಗುಲಿಗೇ ಬಂದರೂ ಅದನ್ನು ಸೇರದೆ ಗಂಗೊಳ್ಳಿಯ ಅಳಿವೆಯವರೆಗೆ ಹರಿಯುವ ಸೌಪರ್ಣಿಕಾ ನದಿಯ ಹೊಯ್ಗೆ ಒಂದೇ ಆದರೂ, ಅದನ್ನು ತೆಗೆಯುವ ಹಕ್ಕನ್ನು ಹಂಚುವ ಕಾನೂನು ಎರಡು. ಕರಾವಳಿ ನಿಯಂತ್ರಣ ವಲಯ, ಅಂದರೆ ಆಡುಮಾತಿನ ಸಿಆರ್‌ಝಡ್, ನದಿಯಲ್ಲಿ ಎಲ್ಲಿಯವರೆಗೆ ಚಾಚುತ್ತದೆ ಎಂಬುದನ್ನು 2011ರ ಜನವರಿಯ ಕೇಂದ್ರ ಅಧಿಸೂಚನೆ ನೀರಿನ ಉಪ್ಪಿನಿಂದ ಅಳೆಯಿತು. ವರ್ಷದ ಅತಿ ಒಣ ಅವಧಿಯಲ್ಲಿ ಸಾವಿರ ಭಾಗ ನೀರಿಗೆ 5 ಭಾಗ ಉಪ್ಪು ಕಂಡುಬರುವ ತಾಣವೇ ಆ ವಲಯದ ಒಳಗಡಿ. ಈ ಗೆರೆಯ ಮೇಲ್ಭಾಗದ ಹೊಯ್ಗೆ 1957ರ ಗಣಿ ಮತ್ತು ಖನಿಜಗಳ ಕಾಯ್ದೆ ರಾಜ್ಯಕ್ಕೆ ಬಿಟ್ಟುಕೊಟ್ಟ ಉಪಖನಿಜವಾಗಿದ್ದು, 1994ರ ಕರ್ನಾಟಕ ನಿಯಮಾವಳಿಗೆ ಒಳಪಡುತ್ತದೆ. ಕೆಳಭಾಗದಲ್ಲಿ ಮರಳು ಗಣಿಗಾರಿಕೆಯೇ ನಿಷಿದ್ಧ. ಮೀನುಗಾರರ ದೋಣಿಗಳಿಗೆ ಅಡ್ಡವಾಗುವ ಮರಳು ದಿಬ್ಬಗಳನ್ನು ಸ್ಥಳೀಯ ಸಾಂಪ್ರದಾಯಿಕ ಸಮುದಾಯದವರು ಯಂತ್ರ ಬಳಸದೆ, ಕೈಯಿಂದಲೇ ತೆರವುಗೊಳಿಸಬಹುದೆಂಬ ಸಡಿಲಿಕೆ ಮಾತ್ರ ಪರಿಸರ ಸಚಿವಾಲಯದ ಕಚೇರಿ ಜ್ಞಾಪನಗಳ ಮೂಲಕ ಬಂದಿದ್ದು, ಅದರ ಜಾರಿ ಜಿಲ್ಲಾಧಿಕಾರಿಯ ಅಧ್ಯಕ್ಷತೆಯ ಏಳು ಸದಸ್ಯರ ಸಮಿತಿಯ ಕೈಯಲ್ಲಿದೆ.

ಮೇಲ್ಭಾಗದ ವ್ಯಾಜ್ಯಗಳು ಒಂದರ್ಥದಲ್ಲಿ ಸರಳವಾದವು. 2016ರ ತಿದ್ದುಪಡಿಯ ನಂತರ ಹರಾಜು ಸಾಮಾನ್ಯ ಕ್ರಮವಾಯಿತು. 2020ರ ಮರಳು ನೀತಿ ಸಣ್ಣ ಹಳ್ಳಗಳ ಮರಳನ್ನು ಗ್ರಾಮ ಪಂಚಾಯಿತಿಗಳಿಗೆ ಒಪ್ಪಿಸಿತು. ನಿಯಮ ಬದಲಾದಾಗಲೆಲ್ಲ ಹಳೆಯ ಅರ್ಜಿದಾರರು ತಮಗೆ ಹಿಂದಿನ ನಿಯಮವೇ ಅನ್ವಯಿಸಬೇಕೆಂದು ಕೋರ್ಟಿನ ಮೆಟ್ಟಿಲು ಹತ್ತುವುದುಂಟು. ಆದರೆ ಅರ್ಜಿ ಹಾಕಿದ ಮಾತ್ರಕ್ಕೆ ಹಕ್ಕು ಹುಟ್ಟುವುದಿಲ್ಲ, ಅರ್ಜಿ ವಿಲೇವಾರಿಯಾಗುವ ದಿನ ಇರುವ ನಿಯಮವೇ ಅನ್ವಯಿಸುತ್ತದೆ ಎಂದು ಸುಪ್ರೀಂ ಕೋರ್ಟು 1981ರಲ್ಲಿ ತಮಿಳುನಾಡಿನ ಹಿಂದ್ ಸ್ಟೋನ್ ಪ್ರಕರಣದಲ್ಲೇ ಹೇಳಿದೆ.

ಕೆಳಭಾಗದ ಪ್ರಶ್ನೆ ಬೇರೆ ಬಗೆಯದು, ಮತ್ತು ವಿಮರ್ಶೆಗೆ ನಿಜವಾಗಿ ಅರ್ಹವಾದದ್ದು ಅದೇ. ಅಲ್ಲಿ ಬೆಲೆ ಕೂಗುವವರಿಲ್ಲ. ಅರ್ಹತೆ ತೀರ್ಮಾನವಾಗುವುದು ಸಾಂಪ್ರದಾಯಿಕ ಎಂಬ ಒಂದು ವಿಶೇಷಣದಿಂದ. ಹರಾಜಿಲ್ಲದೆ ಹಂಚುವುದೇ ತಪ್ಪೆಂಬ ಆಕ್ಷೇಪ ನಿಲ್ಲುವುದಿಲ್ಲ, ಏಕೆಂದರೆ ನೈಸರ್ಗಿಕ ಸಂಪನ್ಮೂಲಗಳ ಹಂಚಿಕೆಗೆ ಹರಾಜೊಂದೇ ಸಂವಿಧಾನಬದ್ಧ ಮಾರ್ಗವಲ್ಲವೆಂದು, ರಾಷ್ಟ್ರಪತಿಗಳು ಕೇಳಿದ ಪ್ರಶ್ನೆಗೆ ಉತ್ತರವಾಗಿ ಸುಪ್ರೀಂ ಕೋರ್ಟು 2012ರಲ್ಲಿ ಅಭಿಪ್ರಾಯ ನೀಡಿದೆ. ಆದರೆ ಆ ಅಭಿಪ್ರಾಯಕ್ಕೊಂದು ಷರತ್ತಿದೆ: ಆಯ್ಕೆಯ ವಿಧಾನ ಯಾವುದೇ ಇರಲಿ, ಅದು ಸ್ವೇಚ್ಛೆಯದಾಗಿರಬಾರದು. ದೋಣಿ ಇದ್ದವನೆಲ್ಲ ಸಾಂಪ್ರದಾಯಿಕನೇ, ತಲೆಮಾರುಗಳಿಂದ ಹೊಳೆಗೆ ಮುಳುಗಿ ಹೊಯ್ಗೆ ಎತ್ತುತ್ತ ಬಂದ ಕುಟುಂಬದವನೇ, ಅಥವಾ ಹಿಂದಿನ ಸಾಲಿನಲ್ಲಿ ಪರವಾನಿಗೆ ಪಡೆದಿದ್ದವನೇ? ಮೂರನೆಯದನ್ನು ಅಳತೆಗೋಲಾಗಿ ಹಿಡಿದರೆ ಹಳೆಯ ಪಟ್ಟಿಯಲ್ಲಿ ಹೆಸರಿಲ್ಲದ ನಿಜವಾದ ದುಡಿಮೆಗಾರ ಶಾಶ್ವತವಾಗಿ ಹೊರಗುಳಿಯುತ್ತಾನೆ. ಮೊದಲನೆಯದನ್ನು ಹಿಡಿದರೆ ದೋಣಿ ಕೊಳ್ಳುವಷ್ಟು ಹಣವಿದ್ದ ಯಾರಾದರೂ ಸಂಪ್ರದಾಯದ ವಾರಸುದಾರರಾಗಬಹುದು.

ಇಲ್ಲಿ ಬಳ್ಳಾರಿಯ ಒಂದು ತೀರ್ಪನ್ನು ನೆನೆಯುವುದು ಉಚಿತ. ಸಂಡೂರು ಮ್ಯಾಂಗನೀಸ್ ಮತ್ತು ಕಬ್ಬಿಣ ಅದಿರು ಸಂಸ್ಥೆ ಕರ್ನಾಟಕ ಸರ್ಕಾರದ ವಿರುದ್ಧ ಹೂಡಿದ್ದ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು 2010ರ ಸೆಪ್ಟೆಂಬರಿನಲ್ಲಿ ಹೇಳಿದ್ದರ ಸಾರವೆಂದರೆ, ಗಣಿ ಗುತ್ತಿಗೆಗೆ ಶಿಫಾರಸು ಮಾಡುವಾಗ ಸರ್ಕಾರ ಕಾಯ್ದೆಯಲ್ಲಿ ಹೇಳಿರದ ಮಾನದಂಡವನ್ನು ತಾನಾಗಿ ತಂದು, ಅದರ ಬಲದಿಂದ ಒಬ್ಬರನ್ನು ಮುಂದಿಟ್ಟು ಮತ್ತೊಬ್ಬರನ್ನು ಹಿಂದೆ ಸರಿಸುವಂತಿಲ್ಲ. ಅದು ಕೋಟ್ಯಂತರ ರೂಪಾಯಿಯ ಅದಿರಿನ ವ್ಯಾಜ್ಯವಾಗಿದ್ದರೂ ಅದರ ತತ್ತ್ವ ಒಂದು ದೋಣಿ ಹೊಯ್ಗೆಗೂ ಸಲ್ಲುತ್ತದೆ. ಸಂಡೂರಿನಲ್ಲಿ ಮಾನದಂಡ ಕಾಯ್ದೆಯ ಹೊರಗಿನಿಂದ ಬಂದಿತ್ತು. ಕರಾವಳಿಯಲ್ಲಿ ಅದು ಆದೇಶದೊಳಗೇ ಇದ್ದರೂ ಅದರ ಅರ್ಥವನ್ನು ತುಂಬುವ ಕೆಲಸ ಸಮಿತಿಯ ಪಾಲಿಗೆ ಬಿದ್ದಿದೆ. ಅರ್ಥವಿವರಣೆ ಇಲ್ಲದ ಮಾನದಂಡ ಮಾನದಂಡವೇ ಇಲ್ಲದ್ದಕ್ಕಿಂತ ಹೆಚ್ಚು ಅಪಾಯಕಾರಿ, ಏಕೆಂದರೆ ಅದು ಮೇಲ್ನೋಟಕ್ಕೆ ನಿಯಮದಂತೆಯೇ ಕಾಣುತ್ತದೆ.

ಸಡಿಲಿಕೆಯ ಉದ್ದೇಶದಲ್ಲೂ ಇಂಥದೇ ತೊಡಕಿದೆ. ಜ್ಞಾಪನಗಳು ಕೊಟ್ಟದ್ದು ದೋಣಿಯ ಹಾದಿ ತೆರವುಗೊಳಿಸುವ ಅನುಮತಿಯೇ ಹೊರತು ಮನೆ ಕಟ್ಟುವವರಿಗೆ ಮರಳು ಪೂರೈಸುವ ಗುತ್ತಿಗೆಯಲ್ಲ. ದೋಣಿಗೆ ಕಂಟಕವಾಗುವ ಹೂಳು ಹೆಚ್ಚಾಗಿ ಅಳಿವೆಯ ಬಾಯಲ್ಲಿ ನಿಲ್ಲುತ್ತದೆ. ಅಲ್ಲಿಯ ಹೊಯ್ಗೆಯಲ್ಲಿ ಉಪ್ಪು ಹೆಚ್ಚಿರುವುದರಿಂದ ಕಾಂಕ್ರೀಟಿನೊಳಗಿನ ಕಬ್ಬಿಣಕ್ಕೆ ತುಕ್ಕು ಹಿಡಿಯುವ ಭಯವಿದ್ದು, ಕಟ್ಟಡದವರ ಕಣ್ಣು ಸಹಜವಾಗಿಯೇ ಮೇಲಿನ, ಸಿಹಿನೀರಿಗೆ ಹತ್ತಿರದ ದಿಬ್ಬಗಳ ಮೇಲಿರುತ್ತದೆ. ತೆಗೆಯಬೇಕಾದದ್ದು ಒಂದೆಡೆ, ಮಾರಾಟವಾಗುವುದು ಇನ್ನೊಂದೆಡೆ ಎಂಬ ಈ ಅಂತರವನ್ನು ಪರವಾನಿಗೆ ವ್ಯವಸ್ಥೆ ಎದುರಿಸಿಯೇ ಇಲ್ಲ. 2022ರಲ್ಲಿ ರಾಷ್ಟ್ರೀಯ ಹಸಿರು ನ್ಯಾಯಮಂಡಳಿಯ ದಕ್ಷಿಣ ಪೀಠ ದಕ್ಷಿಣ ಕನ್ನಡ ಮತ್ತು ಉಡುಪಿ ಜಿಲ್ಲೆಗಳ ಸಿಆರ್‌ಝಡ್ ವ್ಯಾಪ್ತಿಯ ಮರಳು ತೆಗೆಯುವಿಕೆಗೆ ತಡೆಯೊಡ್ಡಿದಾಗ ದುಡಿಮೆಗಾರರಿಗೂ ಮನೆ ಕಟ್ಟುತ್ತಿದ್ದವರಿಗೂ ಬಿದ್ದ ಪೆಟ್ಟು ಸಣ್ಣದಲ್ಲ. ಆದರೂ, ಪರಿಸರ ಸಂರಕ್ಷಣಾ ಕಾಯ್ದೆಯಡಿ ಹೊರಟ ಅಧಿಸೂಚನೆ ನಿಷೇಧಿಸಿದ್ದನ್ನು ಸಚಿವಾಲಯದ ಪತ್ರವೊಂದು ಸಡಿಲಿಸಬಲ್ಲುದೇ ಎಂಬ ಮೂಲ ಸಂದೇಹ ನ್ಯಾಯವಾದದ್ದೆಂದು ಒಪ್ಪಲೇಬೇಕು. ದುರ್ಬಲ ತಳಹದಿಯ ಮೇಲೆ ಬಡವರ ಜೀವನೋಪಾಯವನ್ನು ನಿಲ್ಲಿಸಿದ ಹೊಣೆ ತಡೆಯಾಜ್ಞೆಯದಲ್ಲ, ಆ ತಳಹದಿಯನ್ನು ಹಾಕಿದವರದು.

ಈ ಗೊಂದಲ ಕೋರ್ಟುಗಳಲ್ಲಿ ಬಗೆಹರಿಯದೆ ಉಳಿಯಲು ಎರಡು ಕಾರಣಗಳಿವೆ. 1994ರ ಟಾಟಾ ಸೆಲ್ಯುಲರ್ ತೀರ್ಪಿನಿಂದೀಚೆಗೆ ಸರ್ಕಾರಿ ಗುತ್ತಿಗೆಗಳ ವಿಷಯದಲ್ಲಿ ಕೋರ್ಟು ನಿರ್ಧಾರಕ್ಕೆ ಬಂದ ಕ್ರಮವನ್ನು ಪರಿಶೀಲಿಸುತ್ತದೆಯೇ ಹೊರತು, ಆಡಳಿತದ ಜಾಗದಲ್ಲಿ ತಾನು ಕುಳಿತು ನಿರ್ಧರಿಸುವುದಿಲ್ಲ; ಹಾಗಾಗಿ ತಪ್ಪು ಕಂಡಾಗಲೂ ಅರ್ಜಿ ಹೊಸ ಪರಿಶೀಲನೆಗೆಂದು ಅದೇ ಕಚೇರಿಗೆ ಮರಳುವುದೇ ಹೆಚ್ಚು. ಇನ್ನೊಂದು ಕಾರಣ ಪರವಾನಿಗೆಯ ಅಲ್ಪಾವಧಿ. ತಾತ್ಕಾಲಿಕ ಪರವಾನಿಗೆಯ ಅವಧಿ ವಿಚಾರಣೆಗಿಂತ ಮೊದಲೇ ತೀರಿದರೆ ದಾವೆ ನಿಷ್ಫಲವಾಗುತ್ತದೆ, ಅಂದರೆ ಕೊಡಲು ಪರಿಹಾರವೇ ಉಳಿಯದೆ ಮುಚ್ಚಿಹೋಗುತ್ತದೆ. ಮುಂದಿನ ಸಾಲಿನ ಪಟ್ಟಿ ಬಂದಾಗ ಅದೇ ಪ್ರಶ್ನೆ ಹೊಸ ಸಂಖ್ಯೆಯೊಂದಿಗೆ ಮತ್ತೆ ದಾಖಲಾಗುತ್ತದೆ. ಅರ್ಹರ ಪಟ್ಟಿಯನ್ನು ಕರಡಾಗಿ ಗ್ರಾಮಸಭೆಯ ಮುಂದಿಟ್ಟು, ಆಕ್ಷೇಪ ಕೇಳಿ, ತಿರಸ್ಕರಿಸಿದ ಪ್ರತಿಯೊಬ್ಬನಿಗೂ ಕಾರಣ ಸಹಿತ ಲಿಖಿತ ಆದೇಶ ಕೊಡುವುದಕ್ಕೆ ಹೊಸ ಕಾಯ್ದೆಯೇನೂ ಬೇಕಿಲ್ಲ. ಹಾಗೆಯೇ, ಪ್ರತಿವರ್ಷ ಮರುಕಳಿಸುವ ಪ್ರಶ್ನೆಯೆಂಬ ಕಾರಣದಿಂದಲೇ, ಅವಧಿ ಮುಗಿದ ಪರವಾನಿಗೆಯ ದಾವೆಯಲ್ಲೂ ಸಾಂಪ್ರದಾಯಿಕ ಯಾರೆಂಬುದನ್ನು ಒಮ್ಮೆ ವಿವರವಾಗಿ ತೀರ್ಮಾನಿಸಲು ಹೈಕೋರ್ಟಿಗೆ ಅಡ್ಡಿಯಿಲ್ಲ. ಅಂಥ ತೀರ್ಪನ್ನು ಕೇಳುವ ಅರ್ಜಿಯನ್ನು ಹಳೆಯ ಪರವಾನಿಗೆದಾರರಿಗಿಂತ ಮೊದಲು ಪಟ್ಟಿಯ ಹೊರಗುಳಿದ ದೋಣಿ ದುಡಿಮೆಗಾರರು ಹಾಕಬೇಕಾಗಿದೆ.